ಎಕ್ಸ್ ಎಷ್ಟು ಸಲ ಬಂತು, ಎಣಿಸ್ರಿ

ನವಲಗುಂದ, ಅಣ್ಣಿಗೇರಿ ಕಡೆ ಎರಿ ಹೊಲದಾಗ ಕೃಷಿ ಹೊಂಡ ನೋಡೇ ಇರ್ತೀರಿ. 2014ರಾಗ ಶುರುವಾದ ಕೃಷಿ ಭಾಗ್ಯ ಯೋಜನೆಯೊಳಗ ಅದಕ್ಕ ಅಳತಿ ಗೊತ್ತು ಮಾಡಿದ್ರು. ಸಣ್ಣದು 10 ಮೀಟರ್ ಉದ್ದ, 10 ಅಗಲ, 3 ಆಳ. ಇವತ್ತಿನ ಗಣಿತ ಆ ಹೊಂಡದಾಗನ ಐತಿ.

ಬದಿಗೆ ಎಕ್ಸ್ ಅನ್ರಿ, ಆಳಕ್ಕ ವೈ. ಘನಫಲ ಎಕ್ಸ್ ಇಂಟು ಎಕ್ಸ್ ಇಂಟು ವೈ. ಎಕ್ಸ್ ಎರಡು ಸಲ ಬಂತು, ವೈ ಒಂದ ಸಲ. ಅದಕ್ಕ ಎಕ್ಸ್ ವರ್ಗ ವೈ. ಬ್ಯಾರೆ ಅಕ್ಷರ ಬಾಜೂಕ ಕುಂದರತಾವ, ಒಂದರಾಗೊಂದು ಕೂಡೂದಿಲ್ಲ. 10, 3 ಹಾಕಿದ್ರ 300 ಘನ ಮೀಟರ್, ಅಂದ್ರ 3 ಲಕ್ಷ ಲೀಟರ್. ಖರೇ ಹೊಂಡದ ದಂಡಿ ಇಳಿಜಾರು ಇರ್ತದ, ನೀರು ಇದಕ್ಕಿಂತ ಕಡಿಮಿ ಹಿಡೀತದ. ಲೆಕ್ಕಕ್ಕ ಮಾತ್ರ ನೆಟ್ಟಗ ಇಟ್ಕೊಳ್ಳೂಣು.

ಈಗ ಬದಿ ಎರಡು ಪಟ್ಟು ಮಾಡ್ರಿ, ಆಳ ಹಂಗ ಇರ್ಲಿ. 2ಎಕ್ಸ್ ಇಂಟು 2ಎಕ್ಸ್ ಇಂಟು ವೈ. ಭಾಳ ಹುಡುಗ್ರು ಇಲ್ಲಿ 2 ಎಕ್ಸ್ ವರ್ಗ ವೈ ಅಂತ ಬರೀತಾರ. ಎರಡೂ 2 ಗುಣಿಸಬೇಕ್ರಿ: 4 ಎಕ್ಸ್ ವರ್ಗ ವೈ. 20 ಮೀಟರ್ ಬದಿಯ ಹೊಂಡ 1200 ಘನ ಮೀಟರ್. ಆ ಒಂದು 2 ಮರತ್ರ 6 ಲಕ್ಷ ಲೀಟರ್ ನೀರು ಲೆಕ್ಕದಿಂದ ಹೋತು! ಹಿಂಗಾರಿನ್ಯಾಗ ಕಡ್ಲಿಗೆ ನೀರು ಹುಡುಕೋ ಊರಾಗ ಅದು ಸಣ್ಣ ತಪ್ಪಲ್ಲ.

ಇನ್ನ 3 ಎಕ್ಸ್ ವರ್ಗ ಇಂಟು 5 ಎಕ್ಸ್ ಘನ. ಸಹಗುಣಕ 3, 5 ಗುಣಿಸ್ರಿ, 15. ಆದ್ರ ಘಾತಾಂಕ 2, 3 ಗುಣಿಸಿ 6 ಮಾಡಬ್ಯಾಡ್ರಿ. ನಿಯಮ ಬಾಯಿಪಾಠಕ್ಕಿಂತ ಮೊದಲ ಬಿಡಿಸಿ ಬರೀರಿ: ಎಕ್ಸ್ ಎಕ್ಸ್, ಆಮ್ಯಾಲ ಎಕ್ಸ್ ಎಕ್ಸ್ ಎಕ್ಸ್. ಬೆರಳಿಟ್ಟು ಎಣಿಸ್ರಿ. ಐದು. ಘಾತಾಂಕ ಅಂದ್ರ ಎಣಿಕಿ. ಎರಡು ಎಣಿಕಿ ಸೇರಿದ್ರ ಕೂಡೂದ. ಉತ್ತರ 15 ಇಂಟು ಎಕ್ಸ್‌ನ ಘಾತ 5. ಬರೇ ಎಕ್ಸ್ ಇದ್ರ ಘಾತಾಂಕ 1, ಸೊನ್ನಿ ಅಲ್ಲ. ಇದೊಂದು ಗಟ್ಟಿ ಹಿಡೀರಿ.

ಗಣಿತಜ್ಞ ಎರಡನೇ ಭಾಸ್ಕರ 1150ರ ಸುಮಾರಿಗೆ ತನ್ನ 'ಬೀಜಗಣಿತ' ಗ್ರಂಥದಾಗ ಇಂಥ ಗುಣಾಕಾರನ್ನ ಬ್ಯಾರೆ ಗುರುತಿನಿಂದ ಬರದಾನ. ಮೊದಲ ಅವ್ಯಕ್ತಕ್ಕ, ಅಂದ್ರ ಗೊತ್ತಿಲ್ಲದ ಸಂಖ್ಯೆಗೆ, 'ಯಾ', ಎರಡನೇದಕ್ಕ 'ಕಾ'. ಯಾ ಯಾ ಗುಣಿಸಿದ್ರ ಮುಂದ 'ವ' ಹಚ್ಚತಿದ್ದ, ವರ್ಗ ಅಂತ. ಯಾ ಕಾ ಗುಣಿಸಿದ್ರ ಎರಡೂ ಬಾಜೂಕ ಬರದು 'ಭಾ' ಹಚ್ಚತಿದ್ದ. ನಮ್ಮ ಎಕ್ಸ್, ವೈ ಹಂಗ ಅವೂ ಬ್ಯಾರೆನ ಉಳೀತಿದ್ವು.

ಈಗ ನೀವು ಮಾಡ್ರಿ: 2 ಎಕ್ಸ್ ವೈ ಇಂಟು 3 ಎಕ್ಸ್ ವರ್ಗ ವೈ. ನೋಟ್‌ಬುಕ್ಕಿನಾಗ ಬಿಡಿಸಿ ಬರೀರಿ. ಎಕ್ಸ್ ಮೂರು, ವೈ ಎರಡು ಬಂದಿರಬೇಕು, ಮುಂದ 6.