ಜಪ್ತಿಯಾದ ಧಾನ್ಯಕ್ಕೆ ಸರಕಾರವೂ ಉತ್ತರದಾಯಿ

(ವರ್ತಕರ ಕುಟುಂಬಗಳ ಸಭೆಯೊಂದರಲ್ಲಿ ಮಾಡಿದ ಭಾಷಣದ ಲಿಖಿತ ರೂಪ)



ಅಕ್ಕಿ, ಗೋಧಿ, ಬೇಳೆ, ಎಣ್ಣೆಗಳ ವ್ಯಾಪಾರವನ್ನೇ ನಂಬಿ ಬದುಕುವ ಅನೇಕ ಕುಟುಂಬಗಳು ನಮ್ಮ ಪಟ್ಟಣಗಳಲ್ಲಿವೆ. ಗೋದಾಮಿನ ಬಾಗಿಲಿಗೆ ಅಧಿಕಾರಿಗಳ ಜೀಪು ಬಂದು ನಿಂತರೆ ಈ ಮನೆಗಳಿಗೆ ಎರಡೇ ದಾರಿಗಳು ತೋಚುತ್ತವೆ. ಒಂದು, ಯಾರದಾದರೂ ಶಿಫಾರಸು ಹಿಡಿಯುವುದು. ಇನ್ನೊಂದು, ಹೋದದ್ದು ಹೋಯಿತೆಂದು ಕೈಚೆಲ್ಲುವುದು. ಆದರೆ ಕಾನೂನು ಮೂರನೆಯ ದಾರಿಯೊಂದನ್ನು ತೆರೆದಿಟ್ಟಿದೆ. ಅದನ್ನು ತಿಳಿಯುವುದೇ ಇಂದಿನ ಉದ್ದೇಶ.

ಮೊದಲು ನಮ್ಮ ಕಡೆಯ ಮಾತು. 1955ರ ಅವಶ್ಯಕ ವಸ್ತುಗಳ ಕಾಯ್ದೆಯು ಆಹಾರ ಧಾನ್ಯದ ದಾಸ್ತಾನು, ಬೆಲೆ ಮತ್ತು ಹಂಚಿಕೆಯನ್ನು ನಿಯಂತ್ರಿಸುವ ಅಧಿಕಾರವನ್ನು ಸರಕಾರಕ್ಕೆ ಕೊಟ್ಟಿದೆ. ಇದೇ ಕಾಯ್ದೆಯನ್ನು ಬಳಸಿ 2023ರ ಜೂನ್‌ನಲ್ಲಿ ಕೇಂದ್ರವು ಗೋಧಿ, ತೊಗರಿ ಮತ್ತು ಉದ್ದಿಗೆ ದಾಸ್ತಾನು ಮಿತಿ ಹೇರಿತು. ಇಂತಹ ಅಧಿಕಾರ ಅನ್ಯಾಯವಲ್ಲ. ಬಡವನ ತುತ್ತನ್ನು ಅಡಗಿಸಿಟ್ಟು ಬೆಲೆಯೇರಿಕೆಗಾಗಿ ಕಾಯುವುದನ್ನು ನಮ್ಮ ಶರೀಅತ್ ಕೂಡ 'ಇಹ್ತಿಕಾರ್' ಎಂದು ಕರೆದು ನಿಷೇಧಿಸಿದೆ. ಕಳ್ಳದಾಸ್ತಾನುಗಾರನ ಪರವಾಗಿ ನಾನಿಲ್ಲಿ ನಿಂತಿಲ್ಲ.

ಆದರೆ ಅಧಿಕಾರವಿದ್ದಲ್ಲಿ ಅದಕ್ಕೊಂದು ಕಡಿವಾಣವೂ ಇರಬೇಕು. ಕಾಯ್ದೆಯ 6ಎ ಕಲಮಿನಂತೆ ಜಪ್ತಿಯಾದ ಸರಕನ್ನು ಮುಟ್ಟುಗೋಲು ಹಾಕುವ ಅಧಿಕಾರ ಜಿಲ್ಲಾಧಿಕಾರಿಗಿದೆ. ಆದರೆ 6ಬಿ ಕಲಮಿನಂತೆ, ಅದಕ್ಕೆ ಮುಂಚೆ ಕಾರಣಗಳನ್ನು ತಿಳಿಸುವ ಲಿಖಿತ ನೋಟಿಸು ಕೊಡಬೇಕು. ಉತ್ತರಿಸಲು ಸಮಯ ಕೊಡಬೇಕು, ಅಹವಾಲನ್ನು ಕೇಳಬೇಕು. ಆದೇಶದ ವಿರುದ್ಧ ಮೇಲ್ಮನವಿಗೂ ಅವಕಾಶವಿದೆ. ಮುಟ್ಟುಗೋಲು ರದ್ದಾದಾಗ ಸರಕನ್ನು ಹಿಂದಿರುಗಿಸಲಾಗದಿದ್ದರೆ, ಜಪ್ತಿಯ ದಿನದಿಂದ ಲೆಕ್ಕ ಹಾಕಿ, ನ್ಯಾಯಯುತ ಬಡ್ಡಿ ಸಹಿತ ಅದರ ಬೆಲೆಯನ್ನು ಕೊಡಬೇಕೆಂದು 6ಸಿ ಕಲಮು ಹೇಳುತ್ತದೆ.

ಈ ಹಕ್ಕುಗಳಿಗೆ ಜೀವ ಬಂದುದು ನ್ಯಾಯಾಲಯದ ಮೆಟ್ಟಿಲೇರಿದವರಿಂದ. ಮಧ್ಯಪ್ರದೇಶದ ಧಾರ್ ಪಟ್ಟಣದ ನಾಥೂಲಾಲ್ ಎಂಬ ಧಾನ್ಯ ವ್ಯಾಪಾರಿ ಪರವಾನಿಗೆಗೆ ಅರ್ಜಿ ಹಾಕಿ, ಶುಲ್ಕವನ್ನೂ ಕಟ್ಟಿದ್ದರು. ಪರವಾನಿಗೆ ಬರುತ್ತದೆಂಬ ನಂಬಿಕೆಯಿಂದ ಗೋಧಿ ಖರೀದಿಸಿ ಸಂಗ್ರಹಿಸಿದರು. ಪರವಾನಿಗೆಯಿಲ್ಲದೆ ದಾಸ್ತಾನು ಮಾಡಿದರೆಂದು ಅವರ ಮೇಲೆ ಮೊಕದ್ದಮೆ ಹೂಡಲಾಯಿತು. 1965ರಲ್ಲಿ ಸುಪ್ರೀಮ್ ಕೋರ್ಟು, ಅಪರಾಧದ ಮನಸ್ಸಿಲ್ಲದವನನ್ನು ಅಪರಾಧಿಯೆನ್ನಲಾಗದೆಂದು ಬಹುಮತದಿಂದ ತೀರ್ಪಿತ್ತು ಅವರನ್ನು ಬಿಡುಗಡೆಗೊಳಿಸಿತು.

ಆದರೆ ಈ ತೀರ್ಪನ್ನೇ ನಂಬಿ ನಿಶ್ಚಿಂತರಾಗಬೇಡಿ. 1974ರಲ್ಲಿ ಸೇರಿಸಲಾದ 10ಸಿ ಕಲಮಿನಂತೆ ನ್ಯಾಯಾಲಯವು ಆರೋಪಿಗೆ ಅಪರಾಧದ ಮನಸ್ಸಿತ್ತೆಂದೇ ಭಾವಿಸುತ್ತದೆ. ಇರಲಿಲ್ಲವೆಂದು ಸಂಶಯಾತೀತವಾಗಿ ಸಾಬೀತುಪಡಿಸುವ ಹೊಣೆ ಈಗ ವರ್ತಕನದು. ಆದ್ದರಿಂದ ಕಾಗದಪತ್ರಗಳೇ ನಿಮ್ಮ ರಕ್ಷಣೆ.

ಎರಡನೆಯ ಪ್ರಕರಣ ಇನ್ನೂ ಮಹತ್ವದ್ದು. 1975ರ ಆಗಸ್ಟಿನಲ್ಲಿ, ತುರ್ತುಪರಿಸ್ಥಿತಿಯ ಕಾಲದಲ್ಲಿ, ಆಂಧ್ರಪ್ರದೇಶದ ನಾಗೇಂದ್ರ ರಾವ್ ಅಂಡ್ ಕಂಪೆನಿಯಿಂದ ಆಹಾರ ಧಾನ್ಯ ಮತ್ತು ರಸಗೊಬ್ಬರಗಳನ್ನು ಜಪ್ತಿ ಮಾಡಲಾಯಿತು. ಗೊಬ್ಬರವನ್ನು ರೈತರಿಗೆ ಹಂಚಬೇಕೆಂಬ ಆದೇಶವಿದ್ದರೂ ಹೊಣೆ ಹೊತ್ತ ಅಧಿಕಾರಿ ಏನನ್ನೂ ಮಾಡಲಿಲ್ಲ. ವರ್ತಕರು ಅರ್ಜಿಯ ಮೇಲೆ ಅರ್ಜಿ ಕೊಟ್ಟರೂ ಪ್ರಯೋಜನವಾಗಲಿಲ್ಲ. 1976ರಲ್ಲಿ ಬಿಡುಗಡೆಯ ಆದೇಶ ಬಂದಾಗ ಅವರು ಕಂಡದ್ದು ಕೆಟ್ಟು ಕರಗಿದ ಸರಕನ್ನು.

ಅವರು ಪರಿಹಾರ ಕೇಳಿದರು. ಹೈಕೋರ್ಟು ನಿರಾಕರಿಸಿತು. ಇದು ಪ್ರಭುತ್ವದ ಸಾರ್ವಭೌಮ ಕಾರ್ಯ, ನೌಕರನ ತಪ್ಪಿಗೆ ಸರಕಾರ ಹೊಣೆಯಲ್ಲ ಎಂಬ ವಾದಕ್ಕೆ ಆಧಾರವಾಗಿದ್ದುದು ಸುಪ್ರೀಮ್ ಕೋರ್ಟಿನದೇ ಕಸ್ತೂರಿಲಾಲ್ ತೀರ್ಪು. ಪೊಲೀಸರ ವಶದಲ್ಲಿದ್ದ ಚಿನ್ನ ಕಾಣೆಯಾದುದಕ್ಕೆ ಸರಕಾರ ಹೊಣೆಯಲ್ಲವೆಂದು ಅದು 1964ರಲ್ಲಿ ಹೇಳಿತ್ತು. ಆದರೆ 1994ರಲ್ಲಿ ನ್ಯಾಯಮೂರ್ತಿ ಆರ್.ಎಂ. ಸಹಾಯ್ ಅವರು ಬರೆದ ತೀರ್ಪು ಈ ಪ್ರಕರಣದಲ್ಲಿ ಆ ವಾದವನ್ನು ಒಪ್ಪಲಿಲ್ಲ. ಅಧಿಕಾರಿಯ ನಿರ್ಲಕ್ಷ್ಯದಿಂದಾದ ನಷ್ಟಕ್ಕೆ ಸರಕಾರವೇ ಹೊಣೆಯೆಂದು ಅದು ಸಾರಿತು. ಜಪ್ತಿ ಮಾಡಿದ ಕೈಗೆ ಜೋಪಾನ ಮಾಡುವ ಕರ್ತವ್ಯವೂ ಇದೆ ಎಂಬುದೇ ಅದರ ತಿರುಳು.

ಸಹೋದರರೇ, ಈ ನ್ಯಾಯ ಸಿಗಲು ಹತ್ತೊಂಬತ್ತು ವರ್ಷಗಳು ಹಿಡಿದವು ಎಂಬ ಕಹಿ ಸತ್ಯವನ್ನು ಮರೆಮಾಚಲಾರೆ. ಆದರೂ ಅರ್ಜಿಗಳ ದಾಖಲೆ ಅವರಲ್ಲಿದ್ದುದರಿಂದಲೇ ಆ ಹೋರಾಟ ಸಾಧ್ಯವಾಯಿತು. ನೀವೂ ದಾಸ್ತಾನು ಪುಸ್ತಕವನ್ನು ಅಂದಂದೇ ಬರೆಯಿರಿ. ಖರೀದಿಯ ರಶೀದಿಗಳನ್ನು ಜೋಪಾನವಾಗಿಡಿ. ಜಪ್ತಿಯಾದರೆ ಪಂಚನಾಮೆಯ ಪ್ರತಿ ಕೇಳಿ. ತೂಕ ಮತ್ತು ಚೀಲಗಳ ಸಂಖ್ಯೆ ಸರಿಯಿದೆಯೇ ನೋಡದೆ ಸಹಿ ಹಾಕಬೇಡಿ. ನೋಟಿಸಿಗೆ ಅವಧಿಯೊಳಗೆ ಲಿಖಿತ ಉತ್ತರ ಕೊಡಿ. ಸರಕು ಕೆಡುವಂತಿದ್ದರೆ ಕೂಡಲೇ ಮಾರಾಟ ಮಾಡಿ ಹಣ ಕಾದಿರಿಸಬೇಕೆಂದು ಅರ್ಜಿ ಸಲ್ಲಿಸಿ, ಸ್ವೀಕೃತಿ ಪಡೆಯಿರಿ.

ಅಡಗಿಸಿಡುವ ವರ್ತಕನೂ ಕೊಳೆಯಲು ಬಿಡುವ ಅಧಿಕಾರಿಯೂ ಹಸಿದವನ ಅನ್ನಕ್ಕೇ ಕುತ್ತು ತರುತ್ತಾರೆ. ಮೊದಲನೆಯವನಾಗದಿರುವುದು ನಮ್ಮ ಧರ್ಮ. ಎರಡನೆಯವನನ್ನು ಪ್ರಶ್ನಿಸುವುದು ನಮ್ಮ ಹಕ್ಕು.