ಅಡುಗೆಮನೆಯಲ್ಲಿ ಎರಡು ಗಂಟೆ ಕ್ಯಾಮೆರಾ

ನಾನು ಹಾಸನದ ಕಡೆಯವನು, ಹೈದರಾಬಾದಿಗೆ ಬಂದು ಒಂಬತ್ತು ವರ್ಷ ಆಯ್ತು. ವಾರದಲ್ಲಿ ಐದು ದಿನ ಟೆಸ್ಟಿಂಗ್, ಶನಿವಾರ-ಭಾನುವಾರ ಕ್ಯಾಮೆರಾ. ನನ್ನ ಸಾಕ್ಷ್ಯಚಿತ್ರಗಳಲ್ಲಿ ಹಿನ್ನೆಲೆ ದನಿ ಇರಲ್ಲ, ಸಂಗೀತ ಇರಲ್ಲ, ಸಂದರ್ಶನವೂ ಇರಲ್ಲ. ದಿನ ಹೇಗೆ ಸಾಗುತ್ತೋ ಹಾಗೆ ನೋಡೋದು, ಅಷ್ಟೇ. "ಇದನ್ನ ಯಾರು ನೋಡ್ತಾರೋ?" ಅಂತ ಆಫೀಸಲ್ಲಿ ಕೇಳ್ತಾರೆ. ನಿಜ ಹೇಳ್ಬೇಕಂದ್ರೆ ಹೆಚ್ಚು ಜನ ನೋಡಲ್ಲ.

ಮೊದಮೊದಲು ಚಾರ್ಮಿನಾರ್, ಇರಾನಿ ಚಾಯ್ ಅಂತ ಸುತ್ತಿದೆ. ಅವು ಎಲ್ಲರ ಫೋನಲ್ಲೂ ಇವೆ. ದಾರಿ ತಪ್ಪಿಸಿದ್ದು, ಅಂದ್ರೆ ಸರಿದಾರಿಗೆ ತಂದಿದ್ದು, ಯುಗಾಂತರ್ ಗುಂಪಿನ ಸಿನಿಮಾಗಳು. ದೀಪಾ ಧನರಾಜ್, ನವರೋಜ್ ಕಾಂಟ್ರಾಕ್ಟರ್, ಅಭಾ ಭಯ್ಯಾ, ಮೀರಾ ರಾವ್ ಸೇರಿ 1980ರಲ್ಲಿ ನಮ್ಮ ಬೆಂಗಳೂರಿನಲ್ಲೇ ಕಟ್ಟಿದ ಗುಂಪು ಅದು. 1981ರ 'ಮೋಲಕರೀಣ' ಪುಣೆಯ ಮನೆಗೆಲಸದ ಹೆಂಗಸರದ್ದು. ಮರುವರ್ಷ ನಿಪ್ಪಾಣಿಯ ತಂಬಾಕು ಕಾರ್ಖಾನೆಯ ಹೆಂಗಸರ ಬಗ್ಗೆ ಮಾಡಿದ್ರು. ಅಲ್ಲಿ ಮುಷ್ಕರದ ದೃಶ್ಯಗಳನ್ನ ಆ ಕಾರ್ಮಿಕರೇ ಮತ್ತೆ ಅಭಿನಯಿಸಿದ್ದಾರೆ. 1983ರಲ್ಲಿ ಇದೇ ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆ ಜೊತೆ 'ಇದಿ ಕಥಾ ಮಾತ್ರಮೇನಾ', ಒಂದು ಮನೆಯೊಳಗಿನ ಹಿಂಸೆಯ ಕಥೆ. ಬರೀ ದೂರ ನಿಂತು ನೋಡೋ ಸಿನಿಮಾಗಳಲ್ಲ ಇವು. ಜನರ ಜೊತೆ ಕೂತು, ಮಾತಾಡಿ, ಆಮೇಲೆ ಕ್ಯಾಮೆರಾ. ನಾನು ತದ್ವಿರುದ್ಧ ಮಾಡ್ತಿದ್ದೆ.

ಸರಿ, ಒಂದು ಶನಿವಾರ, ಮನೆಗೆಲಸಕ್ಕೆ ಬರೋ ಅಕ್ಕನನ್ನ ಕೇಳಿ, ಅಡುಗೆಮನೆ ಮೂಲೆಯಲ್ಲಿ ಟ್ರೈಪಾಡ್ ಇಟ್ಟೆ. ಏಳರಿಂದ ಒಂಬತ್ತು. ಒಂದೇ ವೈಡ್ ಶಾಟ್.

ರಾತ್ರಿ ಕೂತು ನೋಡಿದೆ. ಪಾತ್ರೆ, ನೀರು, ಕುಕ್ಕರ್ ಸೀಟಿ. ನಲವತ್ತನೇ ನಿಮಿಷದ ಹತ್ತಿರ ನನ್ನ ಹೆಂಡತಿ ಟೀ ಸೋಸ್ತಾಳೆ. ಅಕ್ಕ ಗ್ಯಾಸ್ ಸಿಲಿಂಡರ್ ಹಿಂದೆ ಕೈ ಹಾಕಿ ಒಂದು ಸ್ಟೀಲ್ ಲೋಟ ತೆಗೀತಾರೆ. ನಿಂತೇ ಕುಡೀತಾರೆ. ತೊಳೆದು ಮತ್ತೆ ಅಲ್ಲೇ ಇಡ್ತಾರೆ. ಫ್ರೇಮಿನ ಇನ್ನೊಂದು ತುದಿಯಲ್ಲಿ ನಾನು ಕುರ್ಚಿ ಮೇಲೆ ಕೂತು ಫೋನ್ ನೋಡ್ತಿದ್ದೀನಿ.

ನಾಲ್ಕು ವರ್ಷ. ಆ ಲೋಟ ನನ್ನ ಕಣ್ಣಿಗೆ ಬಿದ್ದೇ ಇರಲಿಲ್ಲ.

ಊರಿಂದ ಬಂದಾಗ ಅಮ್ಮ ಇಟ್ಟಿರ್ಬೇಕು ಅಂದ್ಕೊಂಡೆ. ನೋಡಿ, ಎಷ್ಟು ಬೇಗ ಅಮ್ಮನ ಮೇಲೆ ಹಾಕಿದೆ! ಮರುದಿನ ಅಕ್ಕನಿಗೆ ಅದನ್ನ ತೋರಿಸಿ ಕೇಳಿದೆ. ಅವರು ಸಹಜವಾಗಿ, "ಫಸ್ಟ್ ರೋಜು ಮೀರೇ ಇಚ್ಚಾರು ಕದಾ ಸಾರ್" ಅಂದ್ರು. ಮೊದಲ ದಿನ ನಾನೇ ಕೊಟ್ಟಿದ್ದಂತೆ.

ಆ ಶಾಟ್ ತೆಗೆದುಬಿಡಿ ಅಂದಳು ಹೆಂಡತಿ. ಅಕ್ಕ ಬೇಡ ಅಂದ್ರು. ಸೆರಗಲ್ಲಿ ಬೆವರು ಒರೆಸ್ಕೊಳ್ಳೋದನ್ನ ಮಾತ್ರ ತೆಗೀರಿ, ಚೆನ್ನಾಗಿ ಕಾಣಲ್ಲ ಅಂದ್ರು. ತೆಗೆದೆ. ಎಡಿಟಿಂಗಲ್ಲಿ ಇನ್ನೊಬ್ಬರ ಮಾತು ಕೇಳಿದ್ದು ಅದೇ ಮೊದಲು.

ಲೋಟ ಈಗ ನಮ್ಮ ಲೋಟಗಳ ಜೊತೆ ಸ್ಟ್ಯಾಂಡಲ್ಲಿದೆ. ಅಕ್ಕ ಅದನ್ನೇ ಹುಡುಕಿ ತಗೋತಾರೆ, ಈಗಲೂ ನಿಂತೇ ಕುಡೀತಾರೆ. ಸಿನಿಮಾ ಹದಿನೆಂಟು ನಿಮಿಷ ಆಗಿದೆ. ನಮ್ಮ ಅಪಾರ್ಟ್‌ಮೆಂಟ್ ಕ್ಲಬ್‌ಹೌಸಲ್ಲಿ ತೋರಿಸ್ತೀರಾ ಅಂತ ಕೇಳಿದ್ರು ಅಕ್ಕ. ಅಸೋಸಿಯೇಷನ್ ಹತ್ತಿರ ನಾನಿನ್ನೂ ಮಾತೆತ್ತಿಲ್ಲ.