ಕಂಬಗಳ ಎಣಿಕೆ, ಅಂಕಣಗಳ ಲೆಕ್ಕ

(ಶಾಲೆಯ ಶತಮಾನೋತ್ಸವದ ವಿಚಾರಗೋಷ್ಠಿಯಲ್ಲಿ ಮಾಡಿದ ಉಪನ್ಯಾಸದ ಬರಹರೂಪ)



ಉಪನ್ಯಾಸಕ್ಕೆ ಬರುವ ಮುನ್ನ ಮೇಲಿನ ತರಗತಿಯ ಮಕ್ಕಳೊಡನೆ ಸ್ವಲ್ಪ ಹೊತ್ತು ಕುಳಿತಿದ್ದೆವು. ಪ್ರಾಚೀನ ಗ್ರೀಸಿನ ದೇವಾಲಯಗಳ ಕಂಬಗಳು ಎಷ್ಟು ಬಗೆ ಎಂದು ಕೇಳಿದಾಗ, ಡೋರಿಕ್, ಅಯೋನಿಕ್, ಕೊರಿಂಥಿಯನ್ ಎಂದು ಮೂರು ಹೆಸರುಗಳನ್ನೂ ಒಂದೇ ಉಸಿರಿನಲ್ಲಿ ಹೇಳಿದರು. ನಮಗೆ ಸಂತೋಷವಾಯಿತು. ಬಳಿಕ, ನಿಮ್ಮ ಅಜ್ಜನ ಮನೆಯ ಪಡಸಾಲೆಯಲ್ಲಿ ಮರದ ಕಂಬದ ನೆತ್ತಿಯ ಮೇಲೆ ಕುಳಿತು ತೊಲೆಯನ್ನು ಹೊರುವ ತುಂಡಿಗೆ ಏನೆನ್ನುವರು ಎಂದು ಕೇಳಿದೆವು. ಯಾರೂ ಮಾತಾಡಲಿಲ್ಲ. ಹಿಂದಿನ ಸಾಲಿನ ಹುಡುಗನೊಬ್ಬ ಮಾತ್ರ ಮೆಲ್ಲಗೆ, ‘ಅದರ ಹೆಸರು ಗೊತ್ತಿಲ್ಲರಿ, ಆದರ ನಮ್ಮ ಅಜ್ಜನ ಮನಿ ಐದು ಖಣದ್ದು’ ಎಂದನು. ಅವನ ಆ ಉತ್ತರವೇ ಇಂದಿನ ನಮ್ಮ ಮಾತಿಗೆ ಅಡಿಗಲ್ಲು. ಗ್ರೀಕರ ಕಂಬದ ಹೆಸರುಗಳಿಂದ ಹೊರಟು ಆ ಹುಡುಗನ ಖಣದ ತನಕ ಬರೋಣ.

ಗ್ರೀಕ್ ದೇವಾಲಯವನ್ನು ಕುರಿತು ಬರೆಯುವವರು ಮೊದಲು ಎಣಿಸುವುದು ಎದುರಿನ ಕಂಬಗಳನ್ನು. ಆ ಭಾಷೆಯಲ್ಲಿ ಕಂಬಕ್ಕೆ ‘ಸ್ಟೈಲೋಸ್’ ಎಂದು ಹೆಸರು. ಮುಂಭಾಗದಲ್ಲಿ ನಾಲ್ಕು ಕಂಬಗಳಿದ್ದರೆ ಅದು ಟೆಟ್ರಾಸ್ಟೈಲ್, ಆರಿದ್ದರೆ ಹೆಕ್ಸಾಸ್ಟೈಲ್, ಎಂಟಿದ್ದರೆ ಆಕ್ಟಾಸ್ಟೈಲ್. ಕಂಬಗಳು ಎದುರಿಗಷ್ಟೆ ಇದ್ದರೆ ಪ್ರೋಸ್ಟೈಲ್. ಹಿಂದೆಯೂ ಮುಂದೆಯೂ ಇದ್ದರೆ ಆಂಫಿಪ್ರೋಸ್ಟೈಲ್. ಗುಡಿಯ ಸುತ್ತಲೂ ಸಾಲುಗಟ್ಟಿ ನಿಂತಿದ್ದರೆ ಪೆರಿಪ್ಟರೋಸ್. ‘ಪ್ಟೆರಾನ್’ ಎಂದರೆ ರೆಕ್ಕೆ. ಕಂಬಸಾಲನ್ನು ಅವರು ಗುಡಿಯ ರೆಕ್ಕೆಯೆಂದು ಕಂಡರು. ಸಾಲು ಎರಡಾದರೆ ಡಿಪ್ಟರೋಸ್. ಅಥೆನ್ಸಿನ ಪಾರ್ಥೆನಾನಿಗೆ ಎದುರಿಗೆ 8, ಪಕ್ಕಕ್ಕೆ 17, ಮೂಲೆಯ ಕಂಬಗಳನ್ನು ಎರಡು ಸಲ ಎಣಿಸದೆ ಲೆಕ್ಕ ಹಾಕಿದರೆ ಹೊರಸುತ್ತಿನಲ್ಲಿ ಒಟ್ಟು 46 ಕಂಬಗಳು. ಮಕ್ಕಳು ಈ ಲೆಕ್ಕವನ್ನು ಮನೆಯಲ್ಲಿ ಮಾಡಿ ನೋಡಬಹುದು. ಮೊದಲ ಸಲ 50 ಎಂದು ಬಂದರೆ ನಾಚಬೇಕಾಗಿಲ್ಲ.

ಎಣಿಕೆಯ ಈ ಹೆಸರುಗಳ ಜೊತೆಗೆ ಮತ್ತೊಂದು ಹೆಸರಿನ ಸಾಲೂ ಇದೆ. ಅದು ನಮಗೆ ಹೆಚ್ಚು ಹತ್ತಿರದ್ದು. ಕ್ರಿಸ್ತಪೂರ್ವ ಒಂದನೆಯ ಶತಮಾನದಲ್ಲಿದ್ದ ರೋಮಿನ ಶಿಲ್ಪಿ ವಿಟ್ರುವಿಯಸ್, ವಾಸ್ತುವನ್ನು ಕುರಿತ ತನ್ನ ಹತ್ತು ಪುಸ್ತಕಗಳಲ್ಲಿ ಮೂರನೆಯದರಲ್ಲಿ, ಕಂಬಕ್ಕೂ ಕಂಬಕ್ಕೂ ನಡುವಣ ತೆರಪನ್ನು ಅಳೆದು ಗುಡಿಗಳನ್ನು ಐದು ಬಗೆಯಾಗಿ ಹೆಸರಿಸುತ್ತಾನೆ. ಅವನ ಅಳತೆಗೋಲು ಕಂಬದ ಬುಡದ ವ್ಯಾಸ. ತೆರಪು ಒಂದೂವರೆ ವ್ಯಾಸದಷ್ಟಿದ್ದರೆ ಪಿಕ್ನೋಸ್ಟೈಲ್, ಅಂದರೆ ದಟ್ಟವಾದದ್ದು, ಎರಡಿದ್ದರೆ ಸಿಸ್ಟೈಲ್, ಎರಡೂಕಾಲಿದ್ದರೆ ಯೂಸ್ಟೈಲ್, ಅಂದರೆ ಹದವಾದದ್ದು, ಮೂರಿದ್ದರೆ ಡಯಾಸ್ಟೈಲ್, ಅದಕ್ಕೂ ಮಿಗಿಲಾದರೆ ಅರಿಯೋಸ್ಟೈಲ್, ವಿರಳವಾದದ್ದು. ಮೊದಲಿನ ಎರಡರಲ್ಲಿ ಅವನು ಕಂಡ ದೋಷ ಮನೆಯ ಹಿರಿಯರು ಹೇಳುವಂತಿದೆ: ಪೂಜೆಗೆ ಬಂದ ಗೃಹಿಣಿಯರು ಕೈಕೈ ಹಿಡಿದು ಕಂಬಗಳ ನಡುವೆ ಹೋಗಲಾರರು, ಒಬ್ಬರ ಹಿಂದೆ ಒಬ್ಬರು ನಡೆಯಬೇಕಾಗುತ್ತದೆ. ಕೊನೆಯ ಎರಡರ ದೋಷ ಬೇರೆ. ಡಯಾಸ್ಟೈಲಿನಲ್ಲಿ ಮೇಲಿನ ಕಲ್ಲುತೊಲೆ ಬಿರಿಯುತ್ತದೆ. ಅರಿಯೋಸ್ಟೈಲಿನಲ್ಲಿ ಕಲ್ಲನ್ನು ಬಿಟ್ಟು ಮರದ ತೊಲೆಯನ್ನೇ ಹಾಕಬೇಕಾಗುತ್ತದೆ.

ಕಲ್ಲುತೊಲೆ ಏಕೆ ಬಿರಿಯುತ್ತದೆ? ತಾಂಡೂರಿನವರಿಗೆ ಇದನ್ನು ನಾವು ಹೇಳಬೇಕಾಗಿಲ್ಲ. ಫರಸಿಯ ಕೆಳಗೆ ಮಣ್ಣು ಸರಿಯಾಗಿ ಕೂಡದೆ ಟೊಳ್ಳು ಉಳಿದರೆ, ಮೇಲೆ ಭಾರ ಬಿದ್ದೊಡನೆ ಅದು ನಡುವಿನಲ್ಲಿ ಸೀಳುವುದನ್ನು ಹಾಸುವ ಮೇಸ್ತ್ರಿಗಳೆಲ್ಲ ಬಲ್ಲರು. ಅದುಮಿದರೆ ಕಲ್ಲು ತಡೆಯುತ್ತದೆ, ಬಗ್ಗಿಸಿದರೆ ತಡೆಯದು. ಆದಕಾರಣ ಕಲ್ಲಿನ ತೊಲೆ ಗಿಡ್ಡದಾಗಿರಬೇಕು. ತೊಲೆ ಗಿಡ್ಡದಾದರೆ ಕಂಬಗಳು ಹತ್ತಿರ ಹತ್ತಿರ ನಿಲ್ಲಬೇಕು. ಕಂಬಗಳು ಹತ್ತಿರವಾದರೆ ಅವುಗಳ ಸಂಖ್ಯೆ ಬೆಳೆಯಬೇಕು. ಗ್ರೀಸಿನಲ್ಲಾಗಲಿ ಕಲ್ಯಾಣದಲ್ಲಾಗಲಿ ಗುಡಿಗಳಲ್ಲಿ ಕಂಬ ತುಂಬಿಕೊಂಡದ್ದು ಬರಿಯ ಅಲಂಕಾರಕ್ಕೆ ಅಲ್ಲ. ವಿಟ್ರುವಿಯಸನ ನಿಯಮಗಳನ್ನು ವೇದವಾಕ್ಯವೆಂದು ತಿಳಿಯಬೇಕಾಗಿಯೂ ಇಲ್ಲ. ಅವನಿಗಿಂತ ನಾನೂರು ವರ್ಷ ಹಿಂದಿನ ಪಾರ್ಥೆನಾನಿನಲ್ಲಿ ಕಂಬದ ಬುಡ ಸುಮಾರು 1.9 ಮೀಟರು, ನಡುವಣ ತೆರಪು ಸುಮಾರು 2.4 ಮೀಟರು; ಅವನು ದಟ್ಟವೆಂದು ಆಕ್ಷೇಪಿಸಿದ್ದಕ್ಕಿಂತಲೂ ದಟ್ಟ! ಶಾಸ್ತ್ರ ಹುಟ್ಟುವುದು ಗುಡಿ ಎದ್ದ ಮೇಲೆ.

ಇನ್ನು ನಮ್ಮ ಸೀಮೆಗೆ ಬರೋಣ. ಜನರ ಬಾಯಲ್ಲಿ ಇಲ್ಲಿಯೂ ಗುಡಿಗಳಿಗೆ ಕಂಬದ ಎಣಿಕೆಯಿಂದಲೇ ಹೆಸರು ಬಂದಿದೆ. ಮೂಡುಬಿದಿರೆಯಲ್ಲಿ ಸಾವಿರ ಕಂಬದ ಬಸದಿ. ಹನಮಕೊಂಡದಲ್ಲಿ ಕಾಕತೀಯ ರುದ್ರದೇವನು 1163ರಲ್ಲಿ ಕಟ್ಟಿಸಿದ ತ್ರಿಕೂಟ ದೇವಾಲಯಕ್ಕೆ ತೆಲುಗಿನಲ್ಲಿ ‘ವೇಯಿ ಸ್ತಂಭಾಲ ಗುಡಿ’. ಆ ಕಾಕತೀಯರು ಮೊದಲು ಕಲ್ಯಾಣದ ಚಾಲುಕ್ಯರ ಸಾಮಂತರು, ಅವರ ಆರಂಭದ ಶಾಸನಗಳಲ್ಲಿ ಕನ್ನಡದವೂ ಇವೆ ಎಂಬುದನ್ನು ಇಲ್ಲಿ ನೆನೆಯಬೇಕು. ಸಾವಿರವೆಂಬುದು ಎಣಿಸಿದ ಸಂಖ್ಯೆಯಲ್ಲ, ‘ಬಹಳ’ ಎಂಬುದಕ್ಕೆ ಬದಲಿ ಮಾತು. ಕೆಲವೆಡೆ ಕಂಬವೆನ್ನದೆ ಕಾಲು ಎನ್ನುವ ರೂಢಿಯೂ ಉಂಟು: ನಾಲ್ಕು ಕಾಲಿನ ಮಂಟಪ, ನೂರು ಕಾಲಿನ ಮಂಟಪ. ವಿಟ್ರುವಿಯಸನೂ ಹೀಗೆಯೇ ಕಂಡನು. ಗಂಡಸಿನ ಪಾದ ಅವನ ಎತ್ತರದ ಆರರಲ್ಲೊಂದು ಪಾಲಾದ ಕಾರಣ ಡೋರಿಕ್ ಕಂಬಕ್ಕೆ ವ್ಯಾಸದ ಆರರಷ್ಟು ಎತ್ತರ ಕೊಟ್ಟರು, ಹೆಂಗಸಿನ ತೆಳುವಾದ ನಿಲುವನ್ನು ನೋಡಿ ಅಯೋನಿಕಿಗೆ ಎಂಟರಷ್ಟು ಕೊಟ್ಟರು ಎಂದು ಅವನು ಕಥೆ ಹೇಳುತ್ತಾನೆ. ಅವನದು ಕಂಬವನ್ನು ಮೈಯಾಗಿ ಕಂಡ ಬಗೆ. ಮೈಯನ್ನೇ ಗುಡಿಯಾಗಿ ಕಂಡು, ಕಾಲನ್ನು ಕಂಬವಾಗಿಸಿದ ಬಸವಣ್ಣನವರ ವಚನ ಇಲ್ಲಿ ಕುಳಿತ ಎಲ್ಲರಿಗೂ ಬಾಯಿಗೆ ಬರುತ್ತದೆ. ಅದನ್ನು ನುಡಿದ ಕಲ್ಯಾಣ ಜಹೀರಾಬಾದಿಗೆ ದೂರದ ಊರಲ್ಲ.

ಜನ ಎಣಿಸುವುದು ಕಂಬಗಳನ್ನು. ಕಟ್ಟುವವನು ಎಣಿಸುವುದು ಕಂಬಗಳ ನಡುವಣ ಜಾಗವನ್ನು. ಆ ಜಾಗಕ್ಕೆ ಕನ್ನಡದಲ್ಲಿ ‘ಅಂಕಣ’ ಎಂದು ಹೆಸರು. ನಮ್ಮ ದೇವಾಲಯಗಳಲ್ಲಿ ಗರ್ಭಗುಡಿ, ಸುಕನಾಸಿಗಳ ಮುಂದಿನ ಸಭಾಂಗಣವನ್ನು ನವರಂಗವೆನ್ನುತ್ತೇವೆ. ಒಂಬತ್ತು ಏನು? ಕಂಬಗಳಲ್ಲ. ಗೋಡೆಗಳ ನಡುವೆ ನಾಲ್ಕೇ ಕಂಬಗಳನ್ನು ನಿಲ್ಲಿಸಿ, ಅವುಗಳಿಂದ ಗೋಡೆಗೆ ತೊಲೆ ಹಾಯಿಸಿದರೆ ನೆಲವೂ ಮಾಳಿಗೆಯೂ ಒಂಬತ್ತು ಅಂಕಣಗಳಾಗಿ ಒಡೆಯುತ್ತವೆ. ನಡುವಿನದು ದೊಡ್ಡದು, ಅದರ ಮೇಲೆ ಕಮಲದ ಭುವನೇಶ್ವರಿ. ಇಲ್ಲಿ ಹೆಸರು ಹುಟ್ಟಿದ್ದು ಕಲ್ಲಿನಿಂದಲ್ಲ, ಕಲ್ಲು ಬಿಟ್ಟುಕೊಟ್ಟ ತೆರಪಿನಿಂದ. ಇದೇ ಪದವನ್ನು ನಮ್ಮ ಪತ್ರಿಕೆಗಳವರು ಅಂಕಣಬರಹಕ್ಕೂ ಇಟ್ಟುಕೊಂಡರು. ಇಂಗ್ಲಿಷಿನವರು ಅದನ್ನು ಕಾಲಂ, ಅಂದರೆ ಕಂಬ ಎಂದರು. ನಾವು ಅಂಕಣ, ಅಂದರೆ ಕಂಬಗಳ ನಡುವಣ ಜಾಗ ಎಂದೆವು. ಯಾರಿಗೆ ಹೊಳೆದ ಪದವೋ, ಬಹಳ ಸೊಗಸಾದದ್ದು.

ಈ ಭೇದಕ್ಕೆ ಕಾರಣ ಪೂಜೆಯ ಕ್ರಮದಲ್ಲಿದೆ ಎಂದು ನಮ್ಮ ಭಾವನೆ. ಗ್ರೀಕರ ಬಲಿಪೀಠ ಗುಡಿಯ ಹೊರಗೆ, ಬಯಲಿನಲ್ಲಿ. ಜನ ಸೇರುತ್ತಿದ್ದುದು ಅಲ್ಲಿ. ಅವರ ಕಣ್ಣಿಗೆ ಬೀಳಬೇಕಾದ ಕಂಬಗಳೂ ಹೊರಗೇ ನಿಂತವು. ಚಾಲುಕ್ಯರ ಗುಡಿಯಲ್ಲಿ ಜನ ಕೂಡುವುದು ಒಳಗೆ, ರಂಗಮಂಟಪದಲ್ಲಿ. ಆದುದರಿಂದ ಕಂಬಗಳು ಒಳಗೆ ಬಂದವು, ಹೊರಗೋಡೆಗೆ ಅರೆಗಂಬಗಳು ಉಳಿದವು. ಹುಮನಾಬಾದಿನ ಬಳಿಯ ಜಲಸಂಗಿಯಲ್ಲಿ ಹೊರಗೋಡೆಯ ಸುತ್ತ ಬನ್ನಿ: ಶಾಸನವನ್ನು ಬರೆಯುತ್ತ ನಿಂತ ಆ ಹೆಸರಾಂತ ಬಾಲಿಕೆಯೂ ಉಳಿದ ಮದನಿಕೆಯರೂ ಗೋಡೆಯ ಮೇಲಿನವರು, ಬಿಡಿಗಂಬ ನೋಡಬೇಕಾದರೆ ಒಳಗೆ ಕಾಲಿಡಬೇಕು.

ಕಂಬದ ಅಂಗಗಳ ಹೆಸರನ್ನು ಬೇಗ ಹೇಳಿ ಮುಂದೆ ಹೋಗುತ್ತೇವೆ. ಕೆಳಗೆ ಪೀಠ, ಅದರ ಮೇಲೆ ಚೌಕ, ಬಳಿಕ ದುಂಡಾದ ದಿಂಡು, ಅದರಲ್ಲಿ ಗಂಟೆ, ಕುಂಭ, ಮೇಲೆ ಫಲಕ, ನೆತ್ತಿಯಲ್ಲಿ ಬೋದಿಗೆ, ಬೋದಿಗೆಯ ಮೇಲೆ ತೊಲೆ. ಆಕಾರವನ್ನು ನೋಡಿ ಶಿಲ್ಪಶಾಸ್ತ್ರಗಳು ಹೆಸರಿಡುವುದೂ ಉಂಟು: ನಾಲ್ಕು ಮೂಲೆಯದು ಬ್ರಹ್ಮಕಾಂತ, ಎಂಟು ಮುಖದ್ದು ವಿಷ್ಣುಕಾಂತ, ದುಂಡನೆಯದು ರುದ್ರಕಾಂತ. ಕಲ್ಯಾಣದ ಚಾಲುಕ್ಯರ ಕಾಲದ ಶಿಲ್ಪಿಗಳು ದುಂಡನೆಯದರಲ್ಲಿ ಎಲ್ಲರನ್ನೂ ಮೀರಿದರು. ಮೆದುವಾದ ಬಳಪದ ಕಲ್ಲನ್ನು ತಿರುಗಣಿಗೆ ಹಾಕಿ, ಬಡಗಿ ತೊಟ್ಟಿಲ ಕಾಲನ್ನು ಕಡೆಯುವಂತೆ ಬಳೆ ಬಳೆಯಾಗಿ ಕಡೆದರು. 1112ರಲ್ಲಿ ಮಹಾದೇವ ದಂಡನಾಯಕನು ಕಟ್ಟಿಸಿದ ಇಟಗಿಯ ಗುಡಿಯಲ್ಲಿ ಆ ಕಂಬಗಳನ್ನು ನೋಡಿದವರು ಅದು ಕಲ್ಲೆಂಬುದನ್ನು ಮುಟ್ಟಿದ ಮೇಲೆಯೇ ನಂಬುತ್ತಾರೆ. ಗ್ರೀಕರು ಕಂಬದ ಉದ್ದಕ್ಕೆ ಗೀರು ಹಾಕಿದರು, ನಮ್ಮವರು ಸುತ್ತಲೂ ಬಳೆ ತೊಡಿಸಿದರು. ಯಾವುದು ಮೇಲು ಎಂಬ ಚರ್ಚೆಗೆ ನಾವು ಇಳಿಯುವುದಿಲ್ಲ. ಇಳಿದರೆ ಪಕ್ಷಪಾತ ಮಾಡಿಯೇವು.

ಈ ಪದಗಳಲ್ಲಿ ಹೆಚ್ಚಿನವು ಗುಡಿಯವಷ್ಟೇ ಅಲ್ಲ, ಮನೆಯವು ಕೂಡ. ಬೋದಿಗೆ, ತೊಲೆ, ಜಂತಿ, ಅಂಕಣ ಇವು ಮಣ್ಣಿನ ಮಾಳಿಗೆಯ ಮನೆಯಲ್ಲಿ ನಮ್ಮ ಹಿರಿಯರು ದಿನವೂ ಆಡಿದ ಮಾತುಗಳು. ಅಂಕಣವೆನ್ನುವಲ್ಲಿ ಈ ಭಾಗದ ಮನೆಮಾತು ಖಣ ಎನ್ನುತ್ತದೆ, ಅದು ಮರಾಠಿಯೊಡನೆ ಹಂಚಿಕೊಂಡ ಪದ. ತೆಲುಗರು ಅಂಕಣಂ ಎಂದೇ ಅನ್ನುತ್ತಾರೆ. ತೊಲೆಗೆ ಅವರು ದೂಲಂ ಎಂದರೆ ನಮ್ಮಲ್ಲಿಯೂ ದೂಲವೆನ್ನುವ ಮನೆಗಳಿವೆ. ಖಮ್ಮಂ ಊರಿನ ಹೆಸರೂ ಕಂಬದಿಂದಲೇ ಬಂದುದೆಂದು ಹೇಳುವರು. 1956ರ ನವೆಂಬರ್ 1ರಂದು ಹೈದರಾಬಾದು ರಾಜ್ಯ ಮೂರು ಪಾಲಾದಾಗ ಬೀದರ ಜಿಲ್ಲೆಯ ನಾರಾಯಣಖೇಡ, ಜಹೀರಾಬಾದಿನ ಬಹುಭಾಗ, ಕಲಬುರಗಿ ಜಿಲ್ಲೆಯ ತಾಂಡೂರು, ಕೊಡಂಗಲ್ ಇವು ಆಂಧ್ರಪ್ರದೇಶಕ್ಕೆ ಸೇರಿದವು, 2014ರಿಂದ ತೆಲಂಗಾಣದಲ್ಲಿವೆ. ಗಡಿ ಎಲ್ಲಿ ಬಿದ್ದರೂ ಮನೆಯೊಳಗಿನ ತೊಲೆ ತೊಲೆಯಾಗಿಯೇ ಇತ್ತು. ಈ ಪದಗಳಿಗೆ ಗಂಡಾಂತರ ಬಂದಿರುವುದು ಗಡಿಯಿಂದಲ್ಲ, ಸಿಮೆಂಟಿನಿಂದ. ಹಳೆಯ ಮನೆ ಕೆಡವಿ ಹೊಸ ಮನೆ ಕಟ್ಟುವುದನ್ನು ತಪ್ಪೆನ್ನಲಾರೆವು. ಮಳೆಗಾಲದಲ್ಲಿ ಸೋರುವ ಮಾಳಿಗೆಯ ಕೆಳಗೆ ಪಾತ್ರೆ ಇಟ್ಟು ಎದ್ದು ಕುಳಿತವರಿಗೆ ಅದರ ಕಷ್ಟ ಗೊತ್ತು. ಆದರೆ ಹೊಸ ಮನೆಯಲ್ಲಿ ಪಿಲ್ಲರ್ ಇದೆ, ಬೀಮ್ ಇದೆ, ಬೋದಿಗೆ ಇಲ್ಲ. ವಸ್ತು ಹೋದ ಮೇಲೆ ಅದರ ಹೆಸರನ್ನು ಇಟ್ಟುಕೊಳ್ಳುವ ಸ್ಥಳ ಒಂದೇ, ಅದು ಶಾಲೆ. ಕನ್ನಡದಲ್ಲಿ ಕಲಿಸುವ ಶಾಲೆ ಈ ಸೀಮೆಯಲ್ಲಿ ಮುಚ್ಚಿದರೆ ಆ ಸ್ಥಳವೂ ಇಲ್ಲ. ಮಕ್ಕಳ ಸಂಖ್ಯೆಯ ಮಾತು ಬಂದಾಗಲೆಲ್ಲ ನಮಗೆ ಆಗುವ ಆತಂಕ ಇದು.

ಆದುದರಿಂದ ಗುರುಗಳಲ್ಲಿ ಒಂದು ಬಿನ್ನಹವಿದೆ. ತಾಂಡೂರಿನಿಂದ ವಾಡಿಯ ಕಡೆಗೆ ಹೋಗುವ ರೈಲುಹಾದಿಯಲ್ಲಿ ಸೇಡಂ, ಮಳಖೇಡ ದಾಟಿದರೆ ಚಿತ್ತಾಪುರ. ತಾಂಡೂರಿನ ಮಗ್ಗುಲಲ್ಲಿ ಹರಿಯುವ ಕಾಗಿಣೆಯೇ ಮುಂದೆ ರಾಷ್ಟ್ರಕೂಟರ ರಾಜಧಾನಿಯಾಗಿದ್ದ ಆ ಮಳಖೇಡದ ಕೋಟೆಯನ್ನು ಹಾದುಹೋಗುತ್ತದೆ. ಚಿತ್ತಾಪುರದ ಬಳಿಯ ನಾಗಾವಿಗೆ ಈ ಕಡೆಯ ಜನ ಯಲ್ಲಮ್ಮನ ದರ್ಶನಕ್ಕೆ ಹೋಗುತ್ತಾರೆ. ಅಲ್ಲಿಯೇ ಅರವತ್ತು ಕಂಬದ ಗುಡಿ ಎಂಬ ಹಳೆಯ ಕಟ್ಟಡವೂ ಇದೆ. ಒಂದನೆಯ ಸೋಮೇಶ್ವರನ ಕಾಲದ 1058ರ ಶಾಸನವೊಂದು ನಾಗಾವಿಯ ಘಟಿಕಾಸ್ಥಾನದ ವಿವರವನ್ನು ಕೊಡುತ್ತದೆ: ವೇದವನ್ನೂ ಶಾಸ್ತ್ರವನ್ನೂ ಓದುವ ಸುಮಾರು 250 ವಿದ್ಯಾರ್ಥಿಗಳು, ಅವರಿಗೆ ಕಲಿಸುವ ಉಪಾಧ್ಯಾಯರು, ಜೊತೆಗೆ ಗ್ರಂಥಗಳನ್ನು ನೋಡಿಕೊಳ್ಳಲು ಆರು ಮಂದಿ ಸರಸ್ವತೀ ಭಂಡಾರಿಗರು. 250 ಮಕ್ಕಳಿಗೆ ಆರು ಗ್ರಂಥಪಾಲಕರು! ಇಂದಿನ ಯಾವ ಶಾಲೆಯ ಮುಖ್ಯೋಪಾಧ್ಯಾಯರು ಇದನ್ನು ಕೇಳಿ ನಿಟ್ಟುಸಿರು ಬಿಡದೆ ಇದ್ದಾರು?

ಒಂಬತ್ತನೆಯ, ಹತ್ತನೆಯ ತರಗತಿಯವರನ್ನು ಅಲ್ಲಿಗೆ ಕರೆದೊಯ್ಯಿರಿ. ಕೈಯಲ್ಲಿ ಒಂದು ದಾರ, ಒಂದು ಅಳತೆಪಟ್ಟಿ, ಒಂದು ನೋಟುಬುಕ್ಕು ಸಾಕು. ಮೊದಲು ಎಣಿಸಲಿ, ಅರವತ್ತು ಬಂದರೂ ಬರೆಯಲಿ, ಬಾರದಿದ್ದರೂ ಬರೆಯಲಿ. ಬಳಿಕ ದುಂಡಾದ ಒಂದು ಕಂಬಕ್ಕೆ ದಾರ ಸುತ್ತಿ, ಉದ್ದವನ್ನು ಅಳೆದು, ಏಳರಿಂದ ಗುಣಿಸಿ ಇಪ್ಪತ್ತೆರಡರಿಂದ ಭಾಗಿಸಲಿ, ವ್ಯಾಸ ಸಿಗುತ್ತದೆ. ಪಕ್ಕದ ಕಂಬದ ತನಕ ತೆರಪನ್ನು ಅಳೆದು ಆ ವ್ಯಾಸದಿಂದ ಭಾಗಿಸಿದರೆ, ವಿಟ್ರುವಿಯಸನ ಐದು ಹೆಸರುಗಳಲ್ಲಿ ನಾಗಾವಿಯ ಅಂಕಣಕ್ಕೆ ಯಾವುದು ಒಪ್ಪುವುದೆಂದು ಅವರೇ ಹೇಳುತ್ತಾರೆ. ನೋಟುಬುಕ್ಕಿನ ಎಡಪುಟಕ್ಕೆ ಗುಡಿಯ ಕಂಬದ ಚಿತ್ರ, ಬಲಪುಟಕ್ಕೆ ಊರಿಗೆ ಮರಳಿದ ಮೇಲೆ ಉಳಿದಿರುವ ಯಾವುದಾದರೂ ಹಳೆಯ ಮನೆಯ ಕಂಬದ ಚಿತ್ರ. ಒಂದೊಂದು ಅಂಗದ ಎದುರಿಗೆ ಮನೆಯ ಹಿರಿಯರು ಹೇಳಿದ ಹೆಸರು, ಅವರು ಉಚ್ಚರಿಸಿದಂತೆಯೇ. ಐದು ಖಣದ ಮನೆಯ ಆ ಹುಡುಗನಿಂದಲೇ ಇದನ್ನು ಆರಂಭಿಸಬಹುದು. ಅವನ ಅಜ್ಜನವರು ಇನ್ನೂ ಅದೇ ಮನೆಯಲ್ಲಿದ್ದಾರಂತೆ.